ಮೀರ್ ಸಾದಿಕನೊಬ್ಬನೇ ಸಾಕೆ?

ಶ್ರೀರಂಗಪಟ್ಟಣವು ಏಕೆ ಬಿದ್ದಿತೆಂದು ನಮ್ಮ ಶಾಲೆಗಳ ಯಾವ ಬಾಲಕನನ್ನು ಕೇಳಿದರೂ “ಮೀರ್ ಸಾದಿಕನ ದ್ರೋಹದಿಂದ” ಎಂಬ ಉತ್ತರ ಥಟ್ಟನೆ ಬರುತ್ತದೆ. ಸಂಬಳ ಕೊಡುವ ನೆಪದಿಂದ ಅವನು ಸಿಪಾಯಿಗಳನ್ನು ಕೋಟೆಯ ಒಡಕಿನಿಂದ ಕರೆಸಿಕೊಂಡನೆಂಬ ಕಥೆಯನ್ನು ಮಕ್ಕಳು ಕಣ್ಣರಳಿಸಿ ಹೇಳುತ್ತಾರೆ. ಕಲಿಸಿದವರು ನಾವೇ. ಉಪಾಧ್ಯಾಯ ಬಂಧುಗಳು ಕೋಪಿಸಿಕೊಳ್ಳಬಾರದು: ಇದು ಸೋಮಾರಿಗಳ ಪಾಠ. ಒಂದು ರಾಜ್ಯದ ಅಳಿವನ್ನು ಒಬ್ಬನ ಮೇಲೆ, ಒಂದು ಮಧ್ಯಾಹ್ನದ ಮೇಲೆ ಹೊರಿಸಿ ಕೈತೊಳೆದುಕೊಳ್ಳುವ ಪಾಠ.

1799ರ ಮೇ 4ರಂದು ನಡೆದುದು 1790ರಲ್ಲಿಯೇ ಕಾಗದದ ಮೇಲೆ ಸಿದ್ಧವಾಗಿತ್ತು. ಆ ವರ್ಷ ಜೂನ್ ತಿಂಗಳಲ್ಲಿ ಪುಣೆಯಲ್ಲಿ ಪೇಶ್ವೆಯವರೂ, ಜುಲೈಯಲ್ಲಿ ಪಾನಗಲ್ಲಿನಲ್ಲಿ ನಿಜಾಮನೂ ಆಂಗ್ಲ ಕಂಪೆನಿಯೊಡನೆ ಕರಾರು ಮಾಡಿಕೊಂಡರು. ಗೆದ್ದ ನೆಲವನ್ನು ಸಮಪಾಲಾಗಿ ಹಂಚಿಕೊಳ್ಳುವುದೆಂದು ಗೊತ್ತಾಯಿತು. ಇವರಿಗೆ ಮೈಸೂರಿನ ಮೇಲೆ ಸಿಟ್ಟಿರಲು ಕಾರಣವಿಲ್ಲದೆ ಇರಲಿಲ್ಲ. ಹೈದರನು ಕೃಷ್ಣಾ ತೀರದವರೆಗೆ ಕೈಚಾಚಿದ್ದನು. ಟಿಪ್ಪುವು 1786ರಲ್ಲಿ ನಿಜಾಮನ ಆದವಾನಿಯ ಮೇಲೆ ಬಿದ್ದಿದ್ದನು. ನೆರೆಯವನ ಮೇಲಿನ ಹಗೆ ನಿಜವಾದುದೇ. ಅದನ್ನು ತೀರಿಸಿಕೊಳ್ಳಲು ಸಮುದ್ರದಾಚೆಯವನನ್ನು ಕರೆದದ್ದು ಮಾತ್ರ ಅವಿವೇಕ.

ಮೈಸೂರಾದರೂ ಈ ದೋಷದಿಂದ ಮುಕ್ತವೇ? 1769ರಲ್ಲಿ ಮದರಾಸಿನ ಬಾಗಿಲಿಗೆ ಹೋಗಿ ಹೈದರನು ಆಂಗ್ಲರಿಂದ ಪರಸ್ಪರ ಸಹಾಯದ ವಚನವನ್ನು ಪಡೆದನು. ಮರಾಠರು ಮೈಸೂರಿನ ಮೇಲೆ ಬಂದಾಗ ಕಂಪೆನಿಯಿಂದ ಒಬ್ಬ ಸಿಪಾಯಿಯೂ ಬರಲಿಲ್ಲ. 1783ರಲ್ಲಿ ಯೂರೋಪಿನಲ್ಲಿ ಆಂಗ್ಲರಿಗೂ ಫ್ರೆಂಚರಿಗೂ ಸಂಧಾನವಾದ ಸುದ್ದಿ ಮುಟ್ಟಿದೊಡನೆ, ಮಂಗಳೂರಿನ ಮುತ್ತಿಗೆಯಲ್ಲಿ ಟಿಪ್ಪುವಿನ ಬೆನ್ನಿಗಿದ್ದ ಫ್ರೆಂಚರು ಹಿಂದೆ ಸರಿದರು. ಇಷ್ಟಾದ ಮೇಲೂ 1788ರಲ್ಲಿ ಟಿಪ್ಪುವಿನ ಮೂವರು ರಾಯಭಾರಿಗಳು ವರ್ಸೇಲ್ಸಿನಲ್ಲಿ ಹದಿನಾರನೆಯ ಲೂಯಿಯ ಮುಂದೆ ನಿಂತಿದ್ದರು. ಉಪಚಾರ ದೊರೆಯಿತು, ಒಪ್ಪಂದ ದೊರೆಯಲಿಲ್ಲ. ದೊಡ್ಡ ರಾಷ್ಟ್ರವು ತನ್ನ ಲೆಕ್ಕದಿಂದ ಬರುತ್ತದೆ, ತನ್ನ ಲೆಕ್ಕದಿಂದಲೇ ಹೋಗುತ್ತದೆ.

ಈ ಲೆಕ್ಕವನ್ನು ತೆತ್ತವರು ಯಾರು? ನಮ್ಮ ಕೊಯಮತ್ತೂರಿನ ಕೋಟೆಯನ್ನೇ ನೋಡಿರಿ. 1768ರಲ್ಲಿ ಆಂಗ್ಲರು ಹಿಡಿದರು. ಕೆಲವೇ ತಿಂಗಳಲ್ಲಿ ಹೈದರನು ಮರಳಿ ಪಡೆದನು. 1783ರಲ್ಲಿ ಫುಲ್ಲರ್ಟನ್ ಎಂಬ ಕರ್ನಲನು ಧಾರಾಪುರವನ್ನೂ ಪಾಲಕ್ಕಾಡನ್ನೂ ಇದನ್ನೂ ವಶಪಡಿಸಿಕೊಂಡನು; ಮರುವರ್ಷದ ಮಂಗಳೂರು ಒಪ್ಪಂದದಿಂದ ಇವು ಟಿಪ್ಪುವಿಗೆ ಹಿಂದಿರುಗಿದವು. 1790ರಲ್ಲಿ ಮೆಡೋಸನು ಬಂದನು. ಅದೇ ಸೆಪ್ಟೆಂಬರಿನಲ್ಲಿ ಟಿಪ್ಪುವು ಗಜ್ಜಲಹಟ್ಟಿ ಕಣಿವೆಯನ್ನಿಳಿದು ಸತ್ಯಮಂಗಲದ ಬಳಿ ಕಾದಿದನು. 1791ರಲ್ಲಿ ಕೋಟೆ ಮತ್ತೆ ಮೈಸೂರಿಗೆ, 1799ರಲ್ಲಿ ಕೊನೆಗೆ ಕಂಪೆನಿಗೆ. ಮೂವತ್ತೊಂದು ವರ್ಷಗಳಲ್ಲಿ ಏಳು ಬಾರಿ ಕೈ ಬದಲಾದ ಸೀಮೆಯಲ್ಲಿ ರೈತನು ಯಾವ ಧೈರ್ಯದಿಂದ ಬಿತ್ತಿದನೋ, ನೇಕಾರನು ಯಾರಿಗಾಗಿ ನೆಯ್ದನೋ! ಪಠ್ಯದಲ್ಲಿ ಅವರ ಹೆಸರಿಲ್ಲ.

“ಅದೆಲ್ಲ ಹಳೆಯ ಕಥೆ, ವೈರಿಯ ವೈರಿ ಮಿತ್ರನೆಂಬುದೇ ರಾಜನೀತಿ” ಎನ್ನುವವರಿದ್ದಾರೆ. 2025ರ ಆಗಸ್ಟಿನಲ್ಲಿ ಅಮೆರಿಕವು ಭಾರತದ ಸರಕಿನ ಮೇಲೆ ಶೇಕಡಾ 50ರ ಸುಂಕ ಹೇರಿತು. ಅದರಲ್ಲಿ ಅರ್ಧಕ್ಕೆ ನಾವು ರಷ್ಯದ ಎಣ್ಣೆ ಕೊಂಡದ್ದೇ ಕಾರಣವೆಂದಿತು. ಬನಿಯನ್ ನೆಯ್ಯುವ ನೆರೆಯ ಬಾಂಗ್ಲಾದೇಶಕ್ಕೆ ಆಗ ಶೇಕಡಾ 20. ಮಿತ್ರರಾಷ್ಟ್ರವೆಂದು ವರ್ಷಗಟ್ಟಲೆ ಹೊಗಳಿಸಿಕೊಂಡ ದೇಶದ ಒಂದು ಆಜ್ಞೆಯಿಂದ ತಿರುಪ್ಪೂರಿನ ಆರ್ಡರುಗಳು ನಿಂತವು. ನಮ್ಮ ತರಗತಿಗಳಲ್ಲಿ ಕುಳಿತ ಮಕ್ಕಳ ತಾಯಂದಿರು ದುಡಿಯುವುದು ಆ ಕಾರ್ಖಾನೆಗಳಲ್ಲಿಯೇ. ಆ ಮಕ್ಕಳಿಗೆ ಬಾಂಗ್ಲಾದವರನ್ನು ಬೈಯಲು ಕಲಿಸೋಣವೇ?

ನಿಜಾಮನಿಗೆ ಏನು ಉಳಿಯಿತೆಂಬುದನ್ನೂ ಹೇಳಿಬಿಡುತ್ತೇನೆ. 1792ರಲ್ಲಿಯೂ 1799ರಲ್ಲಿಯೂ ಮೈಸೂರಿನಿಂದ ಪಡೆದ ಬಳ್ಳಾರಿ, ಕಡಪ ಮೊದಲಾದ ಸೀಮೆಗಳನ್ನು, ತನ್ನನ್ನು ಕಾಯುವ ಕಂಪೆನಿಯ ಸೇನೆಯ ವೆಚ್ಚಕ್ಕೆಂದು 1800ರಲ್ಲಿ ಕಂಪೆನಿಗೇ ಒಪ್ಪಿಸಿದನು. ಪೇಶ್ವೆಯ ಗಾದಿ 1818ರಲ್ಲಿ ಇಲ್ಲವಾಯಿತು. ಮುಂದಿನ ಪರೀಕ್ಷೆಯಲ್ಲಿ ಮೀರ್ ಸಾದಿಕನ ಪ್ರಶ್ನೆಗೆ ಬೇಕಾದರೆ ಎರಡು ಅಂಕವಿರಲಿ. ಬಳ್ಳಾರಿ ಯಾರಿಂದ ಯಾರಿಗೆ, ಏಕೆ ಹೋಯಿತೆಂಬುದಕ್ಕೆ ಐದು ಅಂಕ ಇಡೋಣ.