ಶವರ್ ಪ್ಯಾನಲ್ ಕೊಳ್ಳುವ ಮೊದಲು ಟಾಕಿಯ ಎತ್ತರ ನೋಡಿ

ಹೊಸ ಮನೆ ಕಟ್ಟಿಸುವವರು ಸ್ಯಾನಿಟರಿ ಅಂಗಡಿಗೆ ಹೋದರೆ ಮೊದಲು ಕಣ್ಣಿಗೆ ಬೀಳುವುದು ಆಳೆತ್ತರದ ಶವರ್ ಪ್ಯಾನಲ್. ಮೇಲೆ ಮಳೆಯಂತೆ ಸುರಿಯುವ ಅಗಲವಾದ ಶವರ್, ನಡುವೆ ಮೈಗೆ ಚಿಮ್ಮುವ ನಾಲ್ಕಾರು ಜೆಟ್, ಪಕ್ಕದಲ್ಲಿ ಕೈಯಲ್ಲಿ ಹಿಡಿಯುವ ಹ್ಯಾಂಡ್ ಶವರ್, ಕೆಳಗೆ ಬಕೆಟ್ ತುಂಬುವ ನಳ. ನೀರು ಇವುಗಳಲ್ಲಿ ಯಾವುದಕ್ಕೆ ಹೋಗಬೇಕೆಂದು ತಿರುಗಿಸುವ ನಾಬ್‌ಗೆ ಡೈವರ್ಟರ್ ಎನ್ನುತ್ತಾರೆ. ಪ್ಯಾನಲಿನ ಹಿಂದೆ ಬಿಸಿನೀರಿನದೊಂದು, ತಣ್ಣೀರಿನದೊಂದು, ಹೀಗೆ ಎರಡೇ ಲೈನು. ನೋಡಲು ಸರಳ. ಆದರೆ ಅದು ಚೆನ್ನಾಗಿ ನಡೆಯುವುದು ಮಾಳಿಗೆಯ ಮೇಲಿನ ಟಾಕಿ, ಗೋಡೆಯೊಳಗಿನ ಪೈಪು ಮತ್ತು ನೆಲದಡಿಯ ನೀರನ್ನು ಅವಲಂಬಿಸಿ. ಕೊಪ್ಪಳ ಜಿಲ್ಲೆ ಕುಷ್ಟಗಿ ತಾಲೂಕಿನ ತಾವರಗೇರಾದಂಥ ಊರಿನಲ್ಲಿ ಈ ಮೂರನ್ನೂ ಮೊದಲೇ ಲೆಕ್ಕ ಹಾಕಬೇಕಾಗುತ್ತದೆ.

ಮೊದಲನೆಯದು ಒತ್ತಡ, ಅಂದರೆ ನೀರಿನ ಪ್ರೆಶರ್. ಟಾಕಿಯಿಂದ ಇಳಿಯುವ ನೀರಿಗೆ ಬಲ ಬರುವುದು ಎತ್ತರದಿಂದ ಮಾತ್ರ. ಶವರ್ ಬಾಯಿಗಿಂತ ಹತ್ತು ಮೀಟರ್, ಅಂದರೆ ಸುಮಾರು 33 ಅಡಿ ಮೇಲೆ ನೀರು ನಿಂತರೆ ಪ್ಲಂಬರುಗಳು ಹೇಳುವ ‘ಒಂದು ಕೆ.ಜಿ. ಪ್ರೆಶರ್’ ಸಿಗುತ್ತದೆ. ಜೆಟ್ ಇರುವ ಪ್ಯಾನಲ್‌ಗಳು ಸಾಮಾನ್ಯವಾಗಿ ಕೇಳುವುದು ಅಷ್ಟು ಅಥವಾ ಅದಕ್ಕಿಂತ ಹೆಚ್ಚು. ಈಗ ಒಂದು ಅಂತಸ್ತಿನ ಮನೆಯನ್ನು ತೆಗೆದುಕೊಳ್ಳಿ. ಸ್ಲ್ಯಾಬ್ ಹತ್ತು ಅಡಿ ಎತ್ತರದಲ್ಲಿದೆ, ಅದರ ಮೇಲೆ ಮೂರಡಿಯ ಕಟ್ಟೆ, ಕಟ್ಟೆಯ ಮೇಲೆ ಟಾಕಿ. ಟಾಕಿಯಲ್ಲಿ ಮೂರಡಿ ನೀರಿದ್ದರೆ ನೀರಿನ ಮಟ್ಟ ನೆಲದಿಂದ 16 ಅಡಿ. ಶವರ್ ಇರುವುದು ಏಳು ಅಡಿಯಲ್ಲಿ. ಉಳಿದದ್ದು ಒಂಬತ್ತು ಅಡಿ. ಟಾಕಿ ಖಾಲಿಯಾಗುತ್ತ ಬಂದಂತೆ ಆರೇ ಅಡಿ. ಒಂದು ಕೆ.ಜಿ.ಯ ಕಾಲು ಭಾಗ ಸಿಕ್ಕರೂ ಪುಣ್ಯ. ಇಷ್ಟಕ್ಕೆ ನಳದಿಂದ ಬಕೆಟ್ ಧಾರಾಳವಾಗಿ ತುಂಬುತ್ತದೆ, ಜೆಟ್‌ಗಳಿಂದ ಮಾತ್ರ ನೀರು ಚಿಮ್ಮದೆ ಗೋಡೆಗುಂಟ ಜಾರುತ್ತದೆ. ಟಾಕಿಯನ್ನು ಇನ್ನೆರಡು ಅಡಿ ಎತ್ತರಿಸಿದರೆ ಸರಿಹೋಗುತ್ತದೆ ಎನ್ನುವ ಸಲಹೆಯಿಂದ ಹೆಚ್ಚು ಲಾಭವಿಲ್ಲ ಎಂಬುದು ಈ ಲೆಕ್ಕದಿಂದಲೇ ತಿಳಿಯುತ್ತದೆ.

ಹಾಗಾಗಿ ಪ್ರೆಶರ್ ಪಂಪು ಬೇಕಾಗುತ್ತದೆ. ಇಲ್ಲಿ ಗಮನಿಸಬೇಕಾದದ್ದು ಪಂಪು ಎಲ್ಲಿ ಕೂಡುತ್ತದೆ ಎಂಬುದು. ಟಾಕಿಯಿಂದ ಬರುವ ಲೈನು ಗೀಸರಿಗೂ ತಣ್ಣೀರಿಗೂ ಕವಲೊಡೆಯುವ ಮೊದಲೇ ಪಂಪನ್ನು ಕೂಡಿಸಿದರೆ ಎರಡೂ ಲೈನುಗಳಲ್ಲಿ ಒತ್ತಡ ಸಮನಾಗಿರುತ್ತದೆ. ತಣ್ಣೀರಿಗೆ ಮಾತ್ರ ಕೂಡಿಸಿದರೆ ಪ್ಯಾನಲಿನೊಳಗೆ ತಣ್ಣೀರು ಬಿಸಿನೀರನ್ನು ಹಿಂದಕ್ಕೆ ದೂಡುತ್ತದೆ, ಜಳಕ ಮಾಡುವವರಿಗೆ ಸಿಗುವುದು ಬರೀ ತಣ್ಣೀರು. ನೀರು ಹಿಂದಿರುಗದಂತೆ ತಡೆಯುವ ನಾನ್ ರಿಟರ್ನ್ ವಾಲ್ವ್ ಎರಡೂ ಲೈನಿಗೆ ಇರಲಿ. ಮಾಳಿಗೆಯ ಮೇಲೆ ಸೋಲಾರ್ ಹೀಟರ್ ಇದ್ದವರು ಇನ್ನಷ್ಟು ಎಚ್ಚರದಿಂದಿರಬೇಕು. ಸಾಮಾನ್ಯ ಗಾಜಿನ ಕೊಳವೆಯ ಸೋಲಾರಿನ ಟಾಕಿ ಪಂಪಿನ ಒತ್ತಡ ತಡೆಯುವುದಿಲ್ಲ. ಅಲ್ಲಿ ಬಿಸಿನೀರಿಗೆ ಟಾಕಿಯ ನಂತರ, ಬಿಸಿನೀರು ತಡೆಯುವ ಬೇರೆಯೇ ಪಂಪು ಬೇಕು. ಗೀಸರ್ ಎಷ್ಟು ಒತ್ತಡ ತಾಳುತ್ತದೆ ಎಂಬುದು ಅದರ ಮೈಮೇಲಿನ ಚೀಟಿಯಲ್ಲಿರುತ್ತದೆ, 0.8 ಎಂಪಿಎ ಎಂದಿದ್ದರೆ ಎಂಟು ಕೆ.ಜಿ. ಇನ್‌ಸ್ಟಂಟ್ ಗೀಸರುಗಳಲ್ಲಿ ಇದು ಕಡಿಮೆ ಇರಬಹುದು. ಗೀಸರಿನಿಂದ ಮಾಳಿಗೆಗೆ ಏರ್ ಪೈಪ್ ಬಿಟ್ಟಿದ್ದರೆ ಪಂಪು ಓಡಿದಾಗ ಅದರ ಬಾಯಿಯಿಂದ ನೀರು ಸುರಿಯುತ್ತದೆ. ಅದನ್ನು ಮುಚ್ಚುವುದಾದರೆ ಗೀಸರಿನ ಸೇಫ್ಟಿ ವಾಲ್ವ್ ಸರಿಯಾಗಿ ಕೆಲಸ ಮಾಡುತ್ತಿದೆಯೇ ಎಂದು ಮೊದಲು ನೋಡಿಸಬೇಕು. ಪಂಪಿಗೂ ಗೀಸರಿಗೂ ಅರ್ಥಿಂಗ್ ಇರಬೇಕು, ಜೊತೆಗೆ 30 ಮಿಲಿ ಆಂಪಿಯರಿನ ಆರ್‌ಸಿಸಿಬಿ. ಕರೆಂಟು ಸೋರಿದ ಕ್ಷಣವೇ ಲೈನು ಕಡಿಯುವ ಸ್ವಿಚ್ ಅದು. ಕರೆಂಟು ಹೋದಾಗಲೂ ನಳಕ್ಕೆ ನೀರು ಬರುವಂತೆ ಪಂಪಿನೊಳಗೆ ಹಾಯದೆ ಹೋಗುವ ಬೈಪಾಸ್ ಲೈನೊಂದನ್ನು ಇಟ್ಟುಕೊಳ್ಳಬೇಕು.

ಪಂಪು ಕೊಟ್ಟ ಬಲವನ್ನು ಸಣ್ಣ ಪೈಪು ತಿಂದುಹಾಕಬಲ್ಲದು. ಅಷ್ಟೇ ನೀರು ಮುಕ್ಕಾಲು ಇಂಚಿನ ಬದಲು ಅರ್ಧ ಇಂಚಿನ ಪೈಪಿನಲ್ಲಿ ಹರಿದರೆ ತಿಕ್ಕಾಟದಿಂದ ಕಳೆದುಹೋಗುವ ಒತ್ತಡ ಐದಾರು ಪಟ್ಟಾಗುತ್ತದೆ. ಪ್ಯಾನಲಿನ ತನಕ ಮುಕ್ಕಾಲು ಇಂಚಿನ ಸಿಪಿವಿಸಿ ಪೈಪು ಹಾಕಿಸಿ. ಸಾಮಾನ್ಯ ಪಿವಿಸಿ ಬಿಸಿನೀರಿಗೆ ಮೆತ್ತಗಾಗುತ್ತದೆ.

ಬಿಸಿನೀರು ಎಷ್ಟು ಹೊತ್ತು ಬರುತ್ತದೆ ಎಂಬ ಪ್ರಶ್ನೆಯನ್ನು ಅಂಗಡಿಯಲ್ಲಿ ಯಾರೂ ಕೇಳುವುದಿಲ್ಲ. 15 ಲೀಟರಿನ ಗೀಸರಿನಲ್ಲಿ ನೀರು 60 ಡಿಗ್ರಿಗೆ ಕಾದಿದೆ ಎನ್ನೋಣ. ಅದನ್ನು 25 ಡಿಗ್ರಿಯ ತಣ್ಣೀರಿನೊಂದಿಗೆ ಬೆರೆಸಿ ಮೈಗೆ ಹಿತವಾದ 40 ಡಿಗ್ರಿಗೆ ತಂದರೆ ಸಿಗುವುದು ಸುಮಾರು 35 ಲೀಟರು. ಬಕೆಟಿನಲ್ಲಾದರೆ ಎರಡು ಬಕೆಟ್, ಇಬ್ಬರ ಜಳಕ. ಮಳೆ ಶವರ್ ಮತ್ತು ಜೆಟ್‌ಗಳನ್ನು ಒಟ್ಟಿಗೆ ಬಿಟ್ಟು ನಿಮಿಷಕ್ಕೆ 20 ಲೀಟರು ಹರಿದರೆ ಎರಡು ನಿಮಿಷವೂ ಬಾರದು. ಐದು ನಿಮಿಷದ ಜಳಕಕ್ಕೆ ನೂರು ಲೀಟರು ನೀರು. ಜಲಜೀವನ ಮಿಷನ್ ಹಳ್ಳಿಯ ಒಬ್ಬರಿಗೆ ಇಡೀ ದಿನಕ್ಕೆಂದು ಇಟ್ಟುಕೊಂಡ ಅಳತೆ 55 ಲೀಟರು ಎಂಬುದನ್ನು ಇದರ ಪಕ್ಕದಲ್ಲಿಟ್ಟು ನೋಡಬೇಕು.

ಕೂಡಿಸುವ ಕೆಲಸ ಗಿಲಾವು ಆಗುವ ಮೊದಲೇ ಶುರುವಾಗಬೇಕು. ಪ್ಯಾನಲಿನ ಅಳತೆಯ ಚೀಟಿಯನ್ನು ಪ್ಲಂಬರ್ ಕೈಗೆ ಕೊಟ್ಟು, ಎರಡು ಪಾಯಿಂಟುಗಳ ಎತ್ತರ ಮತ್ತು ಅಂತರವನ್ನು ಗೋಡೆಯ ಮೇಲೆ ಗುರುತು ಹಾಕಿಸಿ. ಮನೆಯಲ್ಲಿ ಎತ್ತರವಾಗಿರುವವರೊಬ್ಬರನ್ನು ಅಲ್ಲೇ ನಿಲ್ಲಿಸಿ ನೋಡುವುದು ಒಳ್ಳೆಯದು. ಪೈಪು ಹಾಕಿದ ಮೇಲೆ ಬಾಯಿಗಳಿಗೆ ಪ್ಲಗ್ ಬಿಗಿದು, ಕೈಪಂಪಿನಿಂದ ಒತ್ತಡ ಏರಿಸಿ ಕೆಲವು ತಾಸು ಬಿಡಬೇಕು. ಮೀಟರಿನ ಮುಳ್ಳು ಇಳಿದರೆ ಎಲ್ಲೋ ಸೋರುತ್ತಿದೆ. ಟೈಲ್ಸ್ ಅಂಟಿಸಿದ ಮೇಲೆ ಈ ಸೋರಿಕೆ ಗೊತ್ತಾಗುವುದು ಆಚೆ ಕೋಣೆಯ ಗೋಡೆಯ ಬಣ್ಣ ಉಬ್ಬಿದಾಗ. ಪ್ಯಾನಲ್ ತೂಗುಹಾಕಲು ಕೊರೆದ ತೂತುಗಳಿಗೂ ಸಿಲಿಕಾನ್ ತುಂಬಬೇಕು. ಹೆಚ್ಚು ನೀರು ಬೀಳುವುದರಿಂದ ನೆಲದ ಇಳಿಜಾರು ಮತ್ತು ನೀರು ಹೊರಹೋಗುವ ನಹಾನಿ ಟ್ರ್ಯಾಪಿನ ಅಗಲವೂ ಅದಕ್ಕೆ ತಕ್ಕಂತೆ ಇರಲಿ.

ಎಲ್ಲಕ್ಕಿಂತ ಹೆಚ್ಚು ಕಾಡುವುದು ನೀರಿನ ಗುಣ. ತುಂಗಭದ್ರಾ ಎಡದಂಡೆ ಕಾಲುವೆ ಗಂಗಾವತಿಯ ಕಡೆ ಹರಿಯಿತು. ಹಾಗಾಗಿ ಕುಷ್ಟಗಿ, ಯಲಬುರ್ಗಾದ ಕಡೆ ಬಹಳ ಮನೆಗಳಿಗೆ ಬೋರ್ ನೀರೇ ಆಧಾರ. ಇಲ್ಲಿ ನೆಲದಡಿ ಇರುವುದು ಗ್ರಾನೈಟ್, ನೈಸ್ ಕಲ್ಲು. ನೀರು ನಿಲ್ಲುವುದು ಅದರ ಬಿರುಕುಗಳಲ್ಲಿ, ಬಹುಕಾಲ. ಆ ಹೊತ್ತಿನಲ್ಲಿ ಕ್ಯಾಲ್ಸಿಯಂ, ಮೆಗ್ನೀಷಿಯಂ ಕರಗಿ ಸೇರುತ್ತವೆ. ಇದೇ ಗಡಸು ನೀರು. ಕಾಯಿಸಿದಾಗ ಅದರಲ್ಲಿನ ಬೈಕಾರ್ಬೊನೇಟ್ ಒಡೆದು ಸುಣ್ಣದ ಹರಳಾಗಿ ಕೂಡುತ್ತದೆ. ಹಂಡೆಯ ತಳದಲ್ಲಿ ಹೆಕ್ಕಳಿಕೆಯಾಗಿ ಏಳುವ ಬಿಳಿ ಪದರ ಅದೇ. ಹಂಡೆಗೆ ಬಾಯಿ ಅಗಲ, ಕೆರೆದು ತೆಗೆಯಬಹುದು. ಜೆಟ್ಟಿನ ತೂತು ಒಂದು ಮಿಲಿಮೀಟರಿನ ಆಸುಪಾಸು. ಮೊದಲು ಒಂದು ಎಳೆ ಓರೆಯಾಗಿ ಚಿಮ್ಮುತ್ತದೆ, ಆಮೇಲೆ ಪಕ್ಕದ್ದು ನಿಲ್ಲುತ್ತದೆ, ಒಳಗೆ ಡೈವರ್ಟರ್ ಬಿಗಿಯಾಗುತ್ತದೆ. ಜೋರಾಗಿ ತಿರುಗಿಸಿದವರ ಕೈಗೆ ನಾಬ್ ಕಿತ್ತು ಬರುತ್ತದೆ.

ಭಾರತೀಯ ಮಾನಕದ ಪ್ರಕಾರ ಕುಡಿಯುವ ನೀರಿನ ಗಡಸುತನ ಲೀಟರಿಗೆ 200 ಮಿಲಿಗ್ರಾಂ ಒಳಗಿರಬೇಕು; ಬೇರೆ ನೀರಿಲ್ಲದಿದ್ದರೆ 600ರ ತನಕ ಒಪ್ಪಬಹುದು. ಒಂದೇ ಓಣಿಯ ಎರಡು ಬೋರುಗಳ ನೀರು ಬೇರೆ ಬೇರೆ ಇರಬಹುದಾದ್ದರಿಂದ ಪರೀಕ್ಷೆ ನಿಮ್ಮ ನೀರಿನದೇ ಆಗಬೇಕು. ಗಡಸುತನ ಹೆಚ್ಚಿದ್ದರೆ ಸಾಫ್ಟನರ್ ಕೂಡಿಸುತ್ತಾರೆ. ಅದು ಕ್ಯಾಲ್ಸಿಯಂ ಹಿಡಿದುಕೊಂಡು ಸೋಡಿಯಂ ಬಿಡುತ್ತದೆ, ಅದನ್ನು ಆಗಾಗ ಉಪ್ಪು ನೀರಿನಿಂದ ತೊಳೆಯಬೇಕು. ತೊಳೆದ ನೀರು ತೆಂಗು, ಕರಿಬೇವಿನ ಬುಡಕ್ಕೆ ಹೋಗಬಾರದು. ಈ ಭಾಗದ ಬೋರುಗಳಲ್ಲಿ ಕಾಣುವ ಫ್ಲೋರೈಡ್ ಸಾಫ್ಟನರಿನಿಂದ ಹೋಗುವುದಿಲ್ಲ. ಜಳಕಕ್ಕೆ ಅದರಿಂದ ತೊಂದರೆಯಿಲ್ಲ, ಆದರೆ ಸಾಫ್ಟನರ್ ಇದೆಯೆಂದು ಅದೇ ನೀರು ಕುಡಿಯಕೂಡದು.

ಸಾಫ್ಟನರ್ ಇಲ್ಲದವರು ತಿಂಗಳಿಗೊಮ್ಮೆ ಶವರ್, ಜೆಟ್‌ಗಳ ರಬ್ಬರ್ ಮೊನೆಗಳನ್ನು ಬೆರಳಿನಿಂದ ತಿಕ್ಕಬೇಕು. ಕಿರಾಣಿ ಅಂಗಡಿಯಲ್ಲಿ ನಿಂಬೆ ಉಪ್ಪು ಎಂದು ಸಿಗುವ ಸಿಟ್ರಿಕ್ ಆಸಿಡ್ಡನ್ನು ಎರಡು ಚಮಚ ಉಗುರುಬೆಚ್ಚಗಿನ ಒಂದು ಲೀಟರು ನೀರಿಗೆ ಹಾಕಿ, ಬಿಚ್ಚಲು ಬರುವ ಭಾಗಗಳನ್ನು ಅರ್ಧ ತಾಸು ನೆನೆಸಿದರೆ ಸುಣ್ಣ ಬಿಡುತ್ತದೆ. ಬಚ್ಚಲು ತೊಳೆಯುವ ಆಸಿಡ್ ತಾಗಿಸಬೇಡಿ, ಕ್ರೋಮ್ ಹೊಳಪು ಸುಲಿದು ಹೋಗುತ್ತದೆ. ಆ ಆಸಿಡ್ ಬ್ಲೀಚಿಂಗ್ ಪೌಡರ್ ಜೊತೆ ಸೇರಿದರಂತೂ ವಿಷಗಾಳಿ ಏಳುತ್ತದೆ. ಲೈನಿನ ಜಾಲರಿ ಫಿಲ್ಟರನ್ನೂ ತೆಗೆದು ತೊಳೆಯಿರಿ. ಗೀಸರನ್ನು ವರ್ಷಕ್ಕೊಮ್ಮೆ ಬಿಚ್ಚಿಸಿ ಸುಣ್ಣ ತೆಗೆಸಿ.

ನನ್ನ ಅಭಿಪ್ರಾಯ ಇಷ್ಟು: ಈ ಸೀಮೆಯ ಒಂದು ಅಂತಸ್ತಿನ ಮನೆಗೆ ಒಳ್ಳೆಯದೊಂದು ಮೇಲಿನ ಶವರ್, ಹ್ಯಾಂಡ್ ಶವರ್ ಮತ್ತು ನಳ ಸಾಕು. ಮನೆಯಲ್ಲಿ ಮಂಡಿನೋವಿನ ಹಿರಿಯರಿದ್ದರೆ ಸ್ಟೂಲಿನ ಮೇಲೆ ಕೂತು ಜಳಕ ಮಾಡಲು ಹ್ಯಾಂಡ್ ಶವರ್ ನಿಜವಾದ ಉಪಕಾರ. ಜೆಟ್‌ಗಳಿಂದ ಅವರಿಗೆ ಅಂಥ ಅನುಕೂಲವಿಲ್ಲ. ಪ್ಯಾನಲಿನ ಆಸೆ ಇದ್ದೇ ಇದ್ದರೆ ಗಿಲಾವಿಗೆ ಮುಂಚೆ ಮುಕ್ಕಾಲು ಇಂಚಿನ ಎರಡು ಲೈನು ಎಳೆಸಿ ಪ್ಲಗ್ ಹಾಕಿಸಿಡಿ, ಪಂಪಿಗೊಂದು ವೈರು ಬಿಡಿಸಿಡಿ. ಒಂದು ಬೇಸಿಗೆ ಆ ಮನೆಯಲ್ಲಿ ವಾಸಿಸಿ, ಏಪ್ರಿಲ್, ಮೇನಲ್ಲಿ ಬೋರ್ ಎಷ್ಟು ನೀರು ಕೊಡುತ್ತದೆ ಎಂದು ನೋಡಿಕೊಂಡು ಆಮೇಲೆ ಅಂಗಡಿಗೆ ಹೋಗಿ.