ನಗಿಸಿದವರಿಗೆ ಸಲ್ಲದ ಮಾನ

ಹಾನಗಲ್ಲ, ಶಿಗ್ಗಾಂವಿ, ಸವಣೂರ, ಹಿರೇಕೆರೂರ ಕಡೆಯ ಜಾತ್ರೆಗಳಲ್ಲಿ ಹಳ್ಳಿಯ ತರುಣರು ನಾಟಕವಾಡುವಾಗ ಸ್ತ್ರೀಪಾತ್ರಗಳಿಗೆ ಹೊರಗಿನಿಂದ ನಟಿಯರನ್ನು ಕರೆಸುವುದುಂಟು. ಇಂದು ಒಂದೂರಲ್ಲಿ ತಾಯಿ, ನಾಳೆ ಇನ್ನೊಂದೂರಲ್ಲಿ ನಾಯಕಿ, ನಾಡಿದ್ದು ಹಾಸ್ಯಪಾತ್ರ. ನಮ್ಮ ಸುಶಿಕ್ಷಿತರಿಗೆ ಮಾತ್ರ ಇದು ಕಲೆಯೆಂದು ತೋರುವುದೇ ಇಲ್ಲ.

ಉಮಾಶ್ರೀಯವರ ವಿಷಯದಲ್ಲಿಯೂ ಆದದ್ದು ಇದೇ. ದೇವನೂರ ಮಹಾದೇವರ ‘ಒಡಲಾಳ’ ರಂಗಕ್ಕೆ ಬಂದಾಗ ಸಾಕವ್ವನಾಗಿ ನಿಂತವರು ಅವರು. 1984ರ ‘ಅನುಭವ’ದ ಬಳಿಕ ಚಿತ್ರರಂಗವು ಆ ಶಕ್ತಿಯನ್ನು ಹೇಗೆ ಬಳಸಿತು? ವರ್ಷಗಟ್ಟಲೆ ದ್ವಂದ್ವಾರ್ಥದ ಮಾತುಗಳಿಗೆ ಕಟ್ಟಿಹಾಕಿತು. ತಪ್ಪು ಅವರದೆ? ಚಿತ್ರಮಂದಿರದಲ್ಲಿ ಶಿಳ್ಳೆ ಹಾಕಿ, ಮನೆಗೆ ಬಂದು ಮೂಗು ಮುರಿದವರು ಯಾರು? ಮಾತನ್ನು ಹೊತ್ತರಿತು ಬಿಡುವ ಹದ ಅಲ್ಲಿಯೂ ಇತ್ತಲ್ಲವೆ?

ಗಿರೀಶ ಕಾಸರವಳ್ಳಿಯವರು ವೈದೇಹಿಯವರ ಕಥೆಯನ್ನಾಧರಿಸಿದ ‘ಗುಲಾಬಿ ಟಾಕೀಸ್’ (2008) ಚಿತ್ರದಲ್ಲಿ ಅವರಿಗೆ ಸಿನಿಮಾ ಹುಚ್ಚಿನ ಮುಸ್ಲಿಂ ಸೂಲಗಿತ್ತಿಯ ಪಾತ್ರ ಕೊಟ್ಟರು, ರಾಷ್ಟ್ರಪ್ರಶಸ್ತಿ ಬಂದಿತು. ಆಗ ವಿಮರ್ಶಕರೆಲ್ಲ ಹೊಸ ಉಮಾಶ್ರೀಯನ್ನು ಕಂಡಂತೆ ಬೆರಗಾದರು! ಸಾಕವ್ವನನ್ನು ಕಂಡವರಿಗೆ ಅದರಲ್ಲಿ ಹೊಸದೇನೂ ಇರಲಿಲ್ಲ.

2021ರಲ್ಲಿ ಆರಂಭವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಗೆಂದು ಸಂಜೆಯ ಕೆಲಸ ಬಿಟ್ಟು ಕಾದು ಕುಳಿತ ಮನೆಗಳೆಷ್ಟೋ. ಅದೇ ಮನೆಯವರು, ಜಾತ್ರೆಯ ಮರುದಿನ ಬಸ್‌ನಿಲ್ದಾಣದಲ್ಲಿ ಬಣ್ಣ ತೊಳೆದುಕೊಂಡು ನಿಂತ ನಟಿಗೆ ‘ಬರ್ರಿ ಅಕ್ಕಾರ, ಕೂಡ್ರಿ’ ಎಂದು ತುಸು ಸರಿದು ಜಾಗ ಕೊಡಲು ಏಕೆ ಹಿಂಜರಿಯುತ್ತಾರೆ?