ನಾಯಿಗೆ ಎರಡು ಚೀಟಿ ಬೇಡ

ಬೋರ್ಡೋ ದ್ರಾವಣಕ್ಕೆ ಕಂಡ ಕಂಡ ಕೀಟನಾಶಕ ಸುರಿಯಬಾರದೆಂದು ಅಡಿಕೆ ಬೆಳೆಗಾರನಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಮೈಲುತುತ್ತದ ಜೊತೆ ಸುಣ್ಣ ಸೇರಿದ ನೀರು ಕ್ಷಾರ. ಅದರಲ್ಲಿ ಎಷ್ಟೋ ಔಷಧಿಗಳು ಕೆಟ್ಟುಹೋಗುತ್ತವೆ. ಡ್ರಮ್ಮಿನ ವಿಷಯದಲ್ಲಿ ಇಷ್ಟು ಎಚ್ಚರ ವಹಿಸುವ ನಾವು, ಮನೆ ಕಾಯುವ ನಾಯಿಯ ಹೊಟ್ಟೆಗೆ ಮಾತ್ರ ಇಬ್ಬರು ಹೇಳಿದ ಮಾತ್ರೆಗಳನ್ನು ಯಾರನ್ನೂ ಕೇಳದೆ ಸೇರಿಸಿಬಿಡುತ್ತೇವೆ. ಈ ತಪ್ಪನ್ನು ಸ್ವತಃ ಮಾಡಿದವರಾದ್ದರಿಂದ ಬರೆಯುತ್ತಿದ್ದೇವೆ.

ಕಳೆದ ಬೇಸಿಗೆಯಲ್ಲಿ, ಕಾಫಿ ಕೊಯ್ಲಿನ ಕೆಲಸ ಮುಗಿದ ಮೇಲೆ, ಸಿರುಗುಪ್ಪದಲ್ಲಿರುವ ಮಗಳ ಮನೆಗೆ ಹೋಗಿದ್ದೆವು. ಅವರ ಪಮೇರಿಯನ್ ನಾಯಿಗೆ ಹತ್ತು ವರ್ಷ ದಾಟಿದೆ. ಸಣ್ಣ ಜಾತಿಯ ನಾಯಿಗಳಿಗೆ ವಯಸ್ಸಾದಂತೆ ಹೃದಯದ ಕವಾಟ ಸೋರುವುದುಂಟು. ಇದಕ್ಕೂ ಅದೇ ಕಾಯಿಲೆ. ಬಳ್ಳಾರಿಯ ಪಶುವೈದ್ಯರು ಪಿಮೊಬೆಂಡಾನ್ ಮತ್ತು ಫ್ಯುರೊಸೆಮೈಡ್ ಬರೆದುಕೊಟ್ಟಿದ್ದರು. ಮೊದಲನೆಯದು ಹೃದಯದ ಬಡಿತಕ್ಕೆ ಬಲ ಕೊಟ್ಟು ರಕ್ತನಾಳಗಳನ್ನು ಸಡಿಲಿಸುತ್ತದೆ. ಎರಡನೆಯದು ಶ್ವಾಸಕೋಶದಲ್ಲಿ ತುಂಬುವ ನೀರನ್ನು ಮೂತ್ರದಲ್ಲಿ ಹೊರಹಾಕಿಸುತ್ತದೆ. ನಾಯಿ ಚೆನ್ನಾಗಿಯೇ ಇತ್ತು. ಆದರೆ ಮೈಯೆಲ್ಲ ಕೆರೆತ. ಬಾಲದ ಬುಡದಲ್ಲಿ ಕೂದಲುದುರಿ ಚರ್ಮ ಕೆಂಪಾಗಿತ್ತು. ಕುರುಗೋಡಿನ ಬೀಗರ ಮನೆಗೆ ಹೋದಾಗ ಪರಿಚಯದವರೊಬ್ಬರು, ತಮ್ಮ ನಾಯಿಯ ಅಲರ್ಜಿಗೆ ತಂದು ಉಳಿದಿದ್ದ ಪ್ರೆಡ್ನಿಸೊಲೋನ್ ಮಾತ್ರೆ ಕೊಟ್ಟರು. ಎರಡು ದಿನದಲ್ಲಿ ಕೆರೆತ ಮಾಯ, ನಾವು ಹಿಗ್ಗಿದೆವು. ಸಿರುಗುಪ್ಪಕ್ಕೆ ಮರಳಿದ ಮೇಲೆ ಒಂದು ರಾತ್ರಿ ನಾಯಿ ಮಲಗಲಾರದೆ, ಕತ್ತು ಚಾಚಿ ಕುಳಿತು ಏದುಸಿರು ಬಿಡತೊಡಗಿತು.

ಬೆಳಗಾಗುವ ಮುನ್ನವೇ ಬಳ್ಳಾರಿಗೆ ಓಡಿದೆವು. ವೈದ್ಯರು ಕೇಳಿದ ಮೊದಲ ಪ್ರಶ್ನೆ, "ಬೇರೆ ಏನು ಕೊಟ್ಟಿರಿ?"

ಪ್ರೆಡ್ನಿಸೊಲೋನ್ ಸ್ಟೀರಾಯ್ಡ್. ಅದು ಮೈಯಲ್ಲಿ ಉಪ್ಪು, ನೀರು ನಿಲ್ಲುವಂತೆ ಮಾಡಬಲ್ಲದು. ಒಂದು ಮಾತ್ರೆ ನೀರಿಳಿಸುತ್ತಿದ್ದರೆ ಇನ್ನೊಂದು ನೀರು ಹಿಡಿಯುತ್ತದೆ. ಸೋತ ಹೃದಯ ನಡುವೆ ಸಿಕ್ಕಿಕೊಳ್ಳುತ್ತದೆ. ಜೊತೆಗೆ ಎರಡೂ ಪೊಟ್ಯಾಸಿಯಂ ಕಳೆಯುತ್ತವೆ. ಡಿಗಾಕ್ಸಿನ್ ತಿನ್ನುವ ನಾಯಿಯಾಗಿದ್ದರೆ ಇದರಿಂದ ಆ ಮಾತ್ರೆಯೇ ವಿಷವಾಗಬಹುದು. ಮಾತ್ರೆ ಕೊಟ್ಟವರನ್ನು ದೂರುವಂತಿಲ್ಲ. ಹೃದಯದ ವಿಷಯವನ್ನು ಅವರಿಗೆ ನಾವು ಹೇಳಿರಲೇ ಇಲ್ಲ.

ಹಾಗೆಂದು ಹೃದಯದ ಕಾಯಿಲೆಯ ನಾಯಿ ಕೆರೆದುಕೊಂಡೇ ಇರಬೇಕೆಂದಲ್ಲ. ಬಾಲದ ಬುಡದ ಕೆರೆತವೆಂದರೆ ಮೊದಲು ಚಿಗಟ ಹುಡುಕಬೇಕು. ಬಿಳಿ ಬಟ್ಟೆಯ ಮೇಲೆ ಕೂದಲು ಬಾಚಿ, ಉದುರಿದ ಕರಿ ಪುಡಿಗೆ ನೀರು ತಾಗಿಸಿ. ಕೆಂಪು ಬಿಟ್ಟರೆ ಅದು ಚಿಗಟದ ಹಿಕ್ಕೆ. ನಮ್ಮ ನಾಯಿಯದೂ ಅದೇ ಆಗಿತ್ತು. ಚಿಗಟಕ್ಕೆ ನಾಯಿಯದೇ ಔಷಧಿ ಉಂಟು. (ತೋಟಕ್ಕೆ ತಂದ ಕೀಟನಾಶಕವನ್ನೇ ಮೈಗೆ ಬಳಿಯುವ ಚಾಳಿ ನಮ್ಮಲ್ಲಿ ಕೆಲವರಿಗಿದೆ. ನಾಯಿ ಅದನ್ನು ನೆಕ್ಕುತ್ತದೆ ಎಂಬುದನ್ನು ಮರೆಯುತ್ತಾರೆ.) ಬೇರೆ ಅಲರ್ಜಿಯಾದರೆ ಸ್ಟೀರಾಯ್ಡ್ ಅಲ್ಲದ ಒಕ್ಲಾಸಿಟಿನಿಬ್ ಮಾತ್ರೆ ಇದೆ, 2013ರಲ್ಲಿ ಅಮೆರಿಕದಲ್ಲಿ ಅದಕ್ಕೆ ಒಪ್ಪಿಗೆ ದೊರೆಯಿತು. ಅಗ್ಗದ್ದಲ್ಲ, ಕೊಡಬಹುದೇ ಎಂಬುದನ್ನು ವೈದ್ಯರೇ ಹೇಳಬೇಕು. ಸೆಟಿರಿಜಿನ್ ಕೂಡ ಕೇಳಿಯೇ ಕೊಡಬೇಕು. ಮನುಷ್ಯರ ನೆಗಡಿ ಮಾತ್ರೆಗಳಲ್ಲಿ ಅದರೊಡನೆ ಫಿನೈಲೆಫ್ರಿನ್‌ನಂಥವು ಬೆರೆತಿರುತ್ತವೆ, ಅವು ಇಂಥ ನಾಯಿಗೆ ಅಪಾಯ. ವಾರಗಟ್ಟಲೆ ಸ್ಟೀರಾಯ್ಡ್ ಕೊಟ್ಟಿದ್ದರೆ ಹೆದರಿ ಒಮ್ಮೆಗೇ ನಿಲ್ಲಿಸುವುದೂ ತಪ್ಪು. ಪದೇ ಪದೇ ಮೂತ್ರ ಮಾಡುತ್ತದೆಂದು ನೀರಿನ ಬಟ್ಟಲು ಎತ್ತಿಡುವುದಂತೂ, ಬಳ್ಳಾರಿಯ ಬಿಸಿಲಿನಲ್ಲಿ, ಕೊಂದಂತೆಯೇ.

ನಾಯಿಗಾಗಿ ಇಷ್ಟೆಲ್ಲ ಏಕೆಂದು ಕೇಳುವ ಸದಸ್ಯರಿದ್ದಾರೆ. ಕಣದಲ್ಲಿ ಒಣಗುವ ಕಾಫಿ, ಅಡಿಕೆಯನ್ನು ರಾತ್ರಿಯಿಡೀ ಕಾಯುವವರು ಯಾರೆಂದು ಅವರೇ ಯೋಚಿಸಲಿ. ಗೊಬ್ಬರದ ಲೆಕ್ಕಕ್ಕೆ ಪುಸ್ತಕ ಇಡುವ ನಮ್ಮ ಸಂಘ ನಾಯಿಗೂ ಒಂದು ಕಾರ್ಡು ಅಚ್ಚು ಹಾಕಿಸಲಿ ಎಂಬುದು ನಮ್ಮ ಒತ್ತಾಯ. ನಾಯಿಯ ತೂಕ, ಕೊಡುತ್ತಿರುವ ಎಲ್ಲ ಔಷಧಿ, ಪ್ರಮಾಣ, ಹೊತ್ತು ಅದೊಂದರಲ್ಲೇ ಇರಲಿ. ಯಾವ ವೈದ್ಯರಲ್ಲಿಗೆ ಹೋದರೂ ಅದೇ ಕಾರ್ಡು ಹೋಗಲಿ.

ಮಗಳು ಕಾಯದೆ ರಟ್ಟಿನ ಮೇಲೆ ತಾನೇ ಒಂದನ್ನು ಬರೆದು ಅಡುಗೆಮನೆಯ ಗೋಡೆಗೆ ತೂಗಿಹಾಕಿದ್ದಾಳೆ. ನಾಯಿ ನಿದ್ದೆ ಹೋದಾಗ ನಿಮಿಷಕ್ಕೆಷ್ಟು ಉಸಿರು ಎಂದು ಎಣಿಸಿ ಅದರಲ್ಲೇ ಬರೆಯುತ್ತಾಳೆ. 30 ದಾಟಿದರೆ ಕೂಡಲೇ ಫೋನು ಮಾಡಬೇಕೆಂದು ವೈದ್ಯರು ಹೇಳಿದ್ದಾರೆ. ಮೊನ್ನೆ ಕೇಳಿದಾಗ 22 ಎಂದಳು.